ಇನ್ನೂ ಕಟ್ಟದ ಮಾಳಿಗೆಯ ಐದು ಮಂದಿ

ನಮ್ಮ ಅವ್ವ ಸುಳ್ಳು ಹೇಳುವ ಹೆಂಗಸಲ್ಲ. ನನಗೆ ತಿಳಿದಂತೆ ಆಕೆ ಹೇಳಿದ್ದು ಒಂದೇ ಒಂದು ಸುಳ್ಳು, ಅದೂ ನಲ್ಲಿ ಹತ್ತಿರದ ಜಗಳ ಬಿಡಿಸಲಿಕ್ಕೆ. ಆದರೆ ಆ ಸುಳ್ಳು ಎಷ್ಟು ಗಟ್ಟಿಯಾಗಿತ್ತೆಂದರೆ ನಮ್ಮ ಮನೆಯಲ್ಲಿ ಹದಿನಾಲ್ಕು ವರ್ಷ ಬಾಳಿತು.

ಆಗ ನನಗೆ ಒಂಬತ್ತು. ಪುಣೆಯ ಬಾಣೇರ್ ಕಡೆ ಹದಿನಾಲ್ಕು ಮಾಳಿಗೆಯ ಎರಡು ಕಟ್ಟಡಗಳು ಏಳುತ್ತಿದ್ದವು. ಅವುಗಳ ಹಿಂದಿನ ತಗಡಿನ ಶೆಡ್ಡುಗಳ ಸಾಲಿನಲ್ಲಿ ನಮ್ಮದೂ ಒಂದು. ನಾವು ಯಾದಗಿರಿ ಕಡೆಯವರು. ಅಪ್ಪನದು ಸೆಂಟ್ರಿಂಗ್ ಕೆಲಸ, ಅಂದರೆ ಸ್ಲ್ಯಾಬ್ ಹಾಕುವ ಮೊದಲು ಅದರ ಕೆಳಗೆ ಕಂಬ, ಹಲಗೆ, ಕಬ್ಬಿಣದ ತಗಡು ಜೋಡಿಸುವುದು. ಕಟ್ಟಡ ಎಷ್ಟು ಎತ್ತರವಾಗಿದೆಯೋ ಅದಕ್ಕಿಂತ ಒಂದು ಮಾಳಿಗೆ ಮೇಲೆ ಅಪ್ಪ ಇರುತ್ತಿದ್ದ. ಅವ್ವ ಕೆಳಗೆ ಮರಳು, ಇಟ್ಟಿಗೆ ಹೊರುತ್ತಿದ್ದಳು. ನಾನು ಅದೇ ಸೈಟಿನ ತಗಡಿನ ಶಾಲೆಯಲ್ಲಿ ಕೂತು ಮರಾಠಿ ಅಕ್ಷರ ತಿದ್ದುತ್ತಿದ್ದೆ. ಕನ್ನಡ ಅಕ್ಷರ ಕಲಿತದ್ದು ಆಮೇಲೆ, ಅಪ್ಪನ ಹತ್ತಿರ, ಇದ್ದಿಲಿನಿಂದ ಹಲಗೆಯ ಮೇಲೆ ಬರೆದು. ಮಗಳನ್ನು ತಂಗಿ ಎಂದು ಕರೆಯುವುದು ನಮ್ಮ ಕಡೆಯ ರೂಢಿ, ಅಪ್ಪನೂ ನನ್ನನ್ನು ಹಾಗೇ ಕರೆಯುತ್ತಿದ್ದ.

ಆ ಶೆಡ್ಡುಗಳ ಸಾಲಿನಲ್ಲಿ ಶಕ್ತಿಯ ವಸ್ತು ಇಲ್ಲದ ಮನೆ ಇರಲಿಲ್ಲ. ಒಬ್ಬರ ಹತ್ತಿರ ದರ್ಗಾದ ಕರಿ ದಾರ, ಇನ್ನೊಬ್ಬರ ಹತ್ತಿರ ಕುದುರೆ ಲಾಳದ ಮೊಳೆ, ಮತ್ತೊಬ್ಬರ ಹತ್ತಿರ ಯಾವುದೋ ನದಿಯ ಉರುಟು ಕಲ್ಲು. ಎತ್ತರದಲ್ಲಿ ಕೆಲಸ ಮಾಡುವವರ ಮನೆಗಳಲ್ಲಿ ಇವೆಲ್ಲ ಇರುವುದು ಸಹಜ, ಅದನ್ನು ನಾನು ಈಗಲೂ ಆಡಿಕೊಳ್ಳುವುದಿಲ್ಲ. ಜಗಳ ಹತ್ತಿದ್ದು ಒಂದು ಕೂಸಿನ ಜ್ವರದ ಮೇಲೆ. ನೆರೆಯ ಇಬ್ಬರು ಹೆಂಗಸರು ಒಂದೇ ಕೂಸಿಗೆ, ಒಬ್ಬರಿಗೊಬ್ಬರು ತಿಳಿಸದೆ, ಒಬ್ಬಳು ಕೈಗೆ ದಾರ ಕಟ್ಟಿದ್ದಳು, ಇನ್ನೊಬ್ಬಳು ತಲೆದಿಂಬಿನ ಕೆಳಗೆ ಮೊಳೆ ಇಟ್ಟಿದ್ದಳು. ಜ್ವರ ಬಿಟ್ಟಿತು. ಬಿಡಿಸಿದ್ದು ಯಾವುದು ಎಂದು ನಲ್ಲಿ ಹತ್ತಿರ ಶುರುವಾದದ್ದು ಕೂದಲು ಹಿಡಿಯುವ ಮಟ್ಟಕ್ಕೆ ಬಂತು. ನೀರು ಬರುವುದೇ ಅರ್ಧ ತಾಸು, ಆ ಅರ್ಧ ತಾಸು ಇವರ ಜಗಳಕ್ಕೆ ಹೋಗುತ್ತಿತ್ತು. ಅವ್ವನಿಗೆ ರೇಗಿತು.

"ನೀವ್ಯಾಕ ಬಡಿದಾಡ್ತೀರಿ? ಇದನ್ನೆಲ್ಲಾ ನೋಡಾಕ ಐದು ಮಂದಿ ಇದ್ದಾರ. ಅವರಿಗಿ ಕೇಳೋಣಂತ," ಎಂದಳು. ಮರಾಠಿಯಲ್ಲೂ ಅದನ್ನೇ ಹೇಳಿದಳು. ಕೂದಲು ಹಿಡಿದಿದ್ದವರು ಕೈ ಬಿಟ್ಟರು.

ಯಾರು ಆ ಐದು ಮಂದಿ? ಅವ್ವ ಕೊಡ ತುಂಬಿಸುತ್ತಲೇ ಅವರನ್ನು ಹುಟ್ಟಿಸಿದಳು. ಅವರು ದೇವರಲ್ಲ, ದೆವ್ವವೂ ಅಲ್ಲ, ಸರಕಾರದವರಂತೂ ಅಲ್ಲವೇ ಅಲ್ಲ. ಇರುವುದು ಇನ್ನೂ ಕಟ್ಟದ ಮಾಳಿಗೆಯಲ್ಲಿ. ನಾವು ಏಳನೆಯದರ ಸ್ಲ್ಯಾಬ್ ಹಾಕಿದರೆ ಅವರು ಗಂಟುಮೂಟೆ ಕಟ್ಟಿಕೊಂಡು ಎಂಟನೆಯದಕ್ಕೆ ಹೋಗುತ್ತಾರೆ. ಯಾವ ವಸ್ತುವಿನಲ್ಲಿ ಶಕ್ತಿ ಇದೆ, ಯಾವುದು ಪೊಳ್ಳು ಎಂದು ತೀರ್ಮಾನಿಸುವುದೇ ಅವರ ಕಸುಬು. ಒಬ್ಬರು ತೂಗುತ್ತಾರೆ, ಒಬ್ಬರು ಮೂಸುತ್ತಾರೆ, ಒಬ್ಬರು ಹಲ್ಲಿನಲ್ಲಿ ಕಚ್ಚಿ ನೋಡುತ್ತಾರೆ, ನಾಲ್ಕನೆಯವರು ಮೂವರ ಮಾತು ಕೇಳಿ ತೀರ್ಪು ಹೇಳುತ್ತಾರೆ. ಐದನೆಯವರು ಏನು ಮಾಡುತ್ತಾರೆ ಎಂದು ಯಾರೋ ಕೇಳಿದರು. ಅವ್ವನಿಗೆ ತಕ್ಷಣ ಹೊಳೆಯಲಿಲ್ಲ. "ಅವರು ನಿಂತು ನೋಡ್ತಾರ. ತೀರ್ಪು ಕೊಟ್ಟ ಮ್ಯಾಲ ಏನಾಗ್ತದ ಅಂತ ನೋಡೋದು ಅವರ ಕೆಲಸ," ಎಂದು ಕೊಡ ಸೊಂಟಕ್ಕೇರಿಸಿದಳು.

ಪರೀಕ್ಷೆಯ ಪದ್ಧತಿಯನ್ನೂ ಅವ್ವನೇ ಮಾಡಿದಳು. ರವಿವಾರ ಕೆಲಸಕ್ಕೆ ರಜೆ. ಸೂರ್ಯ ನೆತ್ತಿಗೆ ಬಂದು ನೆರಳು ಕಾಲಡಿ ಸೇರುವ ಹೊತ್ತಿಗೆ, ವಸ್ತುವನ್ನು ನೆಲದ ಮೇಲಿಟ್ಟು ಅದರ ಮೇಲೆ ಗಮೇಲಾ ಬೋರಲು ಹಾಕಬೇಕು. ಗಮೇಲಾ ಅಂದರೆ ಸಿಮೆಂಟು ಹೊರುವ ಕಬ್ಬಿಣದ ಬುಟ್ಟಿ. ಅದನ್ನು ಮೊದಲು ನೀರಿನ ಹೌದಿನಲ್ಲಿ ಅದ್ದಿರಬೇಕು. ಅದರ ಮೇಲಿನ ನೀರು ಆರುವುದರೊಳಗೆ ಐದು ಮಂದಿ ಬಂದು ಒಳಗಿನಿಂದ ಬಡಿಯುತ್ತಾರೆ. ಒಂದು ಸಲ ಟಣ್ ಎಂದರೆ ವಸ್ತು ನಿಜದ್ದು. ಎರಡು ಸಲ ಎಂದರೆ ಪೊಳ್ಳು. ಬಡಿಯದಿದ್ದರೆ ಅವರು ಬಂದಿಲ್ಲವೆಂದು ಅರ್ಥ, ಮುಂದಿನ ರವಿವಾರ ಮತ್ತೆ ಇಡಬೇಕು. ಗಮೇಲಾಕ್ಕೆ ಕಿವಿ ಹಚ್ಚಿ ಕೇಳುವ ಕೆಲಸ ನನ್ನದಾಯಿತು, ಏಕೆಂದರೆ ಬಿಸಿಲಿನಲ್ಲಿ ಕಿವಿ ಸುಟ್ಟುಕೊಳ್ಳಲು ದೊಡ್ಡವರು ಯಾರೂ ಮುಂದೆ ಬರಲಿಲ್ಲ.

ತಣ್ಣನೆಯ ಕಬ್ಬಿಣ ಬಿಸಿಲಿಗೆ ಕಾದರೆ ಹಿಗ್ಗಿ ಸದ್ದು ಮಾಡುತ್ತದೆ ಎಂದು ನಾನು ಮುಂದೆ ಡಿಪ್ಲೊಮಾದಲ್ಲಿ ಓದಿದೆ. ಅವ್ವನಿಗೆ ಅದು ಓದದೆಯೇ ಗೊತ್ತಿತ್ತು, ದಿನಾ ತಲೆಯ ಮೇಲೆ ಹೊತ್ತವಳಲ್ಲವೇ.

ದಾರಕ್ಕೆ ಎರಡು ಬಡಿಯಿತು, ಮೊಳೆಗೂ ಎರಡು ಬಡಿಯಿತು. ಇಬ್ಬರೂ ಹೆಂಗಸರು ಒಟ್ಟಿಗೆ ಮುಖ ಊದಿಸಿಕೊಂಡರು, ಹಾಗೆ ಒಟ್ಟಿಗೆ ಊದಿಸಿಕೊಂಡದ್ದರಿಂದ ಅವರ ನಡುವೆ ರಾಜಿಯೂ ಆಯಿತು. ಆಮೇಲೆ ಪ್ರತಿ ರವಿವಾರ ಯಾರಾದರೂ ಏನಾದರೂ ಹಿಡಿದು ಬರುತ್ತಿದ್ದರು. ಮೊಳೆಯವಳು ಅದನ್ನೇ ತಿಕ್ಕಿ ತೊಳೆದು ಎರಡನೆಯ ಸಲ, ಮೂರನೆಯ ಸಲ ತಂದಾಗ ಅವ್ವ ಇನ್ನೊಂದು ಕಾನೂನು ಮಾಡಿದಳು: ಐದು ಮಂದಿ ಒಮ್ಮೆ ಹೇಳಿದ್ದನ್ನು ಮತ್ತೆ ಕೇಳುವಂತಿಲ್ಲ, ತೀರ್ಪು ತಿರುಗುವುದಿಲ್ಲ. ಆ ಕಾನೂನು ತನ್ನ ಕೊರಳಿಗೇ ಬರುತ್ತದೆಂದು ಆಕೆಗೆ ಆಗ ಹೇಗೆ ಗೊತ್ತಾಗಬೇಕು.

ಅಪ್ಪನಿಗೆ ಸೆಂಟ್ರಿಂಗ್ ಕಲಿಸಿದವರು ಇಂದಾಪುರದ ಒಬ್ಬ ಮುದುಕ. ನಾವು ಅವರನ್ನು ಇಂದಾಪುರದ ಅಜ್ಜ ಎನ್ನುತ್ತಿದ್ದೆವು. ಆ ವರ್ಷ ಮೊಣಕಾಲು ಕೈಕೊಟ್ಟು ಅವರು ಊರಿಗೆ ಹೊರಟರು. ಎಸ್‌ಟಿ ಬಸ್ಸು ಹತ್ತಿಸಲು ಹೋದ ಅಪ್ಪನ ಕೈಯಲ್ಲಿ ತಮ್ಮ ತೂಕದ ಗುಂಡು ಇಟ್ಟರು. ಗೋಡೆ ನೆಟ್ಟಗಿದೆಯೋ ಇಲ್ಲವೋ ಎಂದು ದಾರಕ್ಕೆ ಇಳಿಬಿಟ್ಟು ನೋಡುವ ಹಿತ್ತಾಳೆ ಗುಂಡು ಅದು, ಸವೆದು ಸವೆದು ಬದನೆಕಾಯಿಯಷ್ಟು ನುಣ್ಣಗಾಗಿತ್ತು. ಜೀವನವಿಡೀ ಇದನ್ನು ಸೊಂಟಕ್ಕೆ ಕಟ್ಟಿಕೊಂಡು ಹತ್ತಿದ್ದೇನೆ, ಒಂದು ಸಲವೂ ಬಿದ್ದಿಲ್ಲ, ಇದು ಸೊಂಟದಲ್ಲಿದ್ದವನನ್ನು ಭೂಮಿ ಎಳೆಯುವುದಿಲ್ಲ ಎಂದರಂತೆ ಅಜ್ಜ. ಅಪ್ಪ ಮನೆಗೆ ಬಂದು ಅದನ್ನು ನಮಗೆ ತೋರಿಸಿದ ರೀತಿ ನನಗೆ ಈಗಲೂ ಕಣ್ಣಿಗೆ ಕಟ್ಟಿದಂತಿದೆ. ಟವೆಲ್ಲಿನ ಮಡಿಕೆ ಬಿಡಿಸಿ, ಎರಡೂ ಅಂಗೈಯಲ್ಲಿ ಹಿಡಿದು ನಿಂತಿದ್ದ.

"ರವಿವಾರ ಐದು ಮಂದಿಗೆ ತೋರ್ಸೋಣು," ಎಂದ.

ಅಪ್ಪನಿಗೆ ಆ ಐದು ಮಂದಿಯಲ್ಲಿ ನಂಬಿಕೆ ಇತ್ತೋ, ಆಟವೆಂದು ಗೊತ್ತಿದ್ದೂ ಆಡುತ್ತಿದ್ದನೋ, ಆಗ ನನಗೆ ಹೇಳಲು ಬರುತ್ತಿರಲಿಲ್ಲ. ಅವ್ವನಿಗೆ ಮಾತ್ರ ಹೆದರಿಕೆ ಹತ್ತಿತು. ಸೈಟಿನ ಸಾಹೇಬರು ಎತ್ತರದಲ್ಲಿ ಕೆಲಸ ಮಾಡುವವರಿಗೆಲ್ಲ ಸೇಫ್ಟಿ ಬೆಲ್ಟ್ ಕೊಟ್ಟಿದ್ದರು. ಹೆಗಲಿಗೂ ಸೊಂಟಕ್ಕೂ ತೊಡೆಗೂ ಸುತ್ತುವ ಹಳದಿ ಪಟ್ಟಿಗಳು, ಬೆನ್ನಿಗೆ ಒಂದು ಹಗ್ಗ, ಹಗ್ಗದ ತುದಿಗೆ ಕೊಕ್ಕೆ. ಅಪ್ಪನಿಗೆ ಅದರ ಮೇಲೆ ಮೊದಲಿನಿಂದ ಸಿಟ್ಟು. ಪ್ರತಿ ಹೆಜ್ಜೆಗೂ ಕೊಕ್ಕೆ ಬಿಚ್ಚಿ ಹಾಕಬೇಕು, ಎತ್ತು ಗೂಟಕ್ಕೆ ಕಟ್ಟಿದ ಹಾಗೆ ಎನ್ನುತ್ತಿದ್ದ. ಆದರೂ ಅವ್ವನ ಕಾಟಕ್ಕೆ ಹಾಕಿಕೊಳ್ಳುತ್ತಿದ್ದ. ಗುಂಡಿಗೆ ಶಕ್ತಿ ಇದೆ ಎಂದಾದರೆ ಬೆಲ್ಟು ಗೋಡೆಯ ಗೂಟ ಸೇರುತ್ತದೆಂದು ಅವ್ವನಿಗೆ ತಿಳಿದಿತ್ತು.

ರವಿವಾರ ಬಂತು. ಗಮೇಲಾ ಅದ್ದಿ ತಂದು ಗುಂಡಿನ ಮೇಲೆ ಬೋರಲು ಹಾಕಿದರು. ಅವ್ವ ನನ್ನೆದುರು ನಿಂತು, ಸೆರಗಿನ ಮರೆಯಲ್ಲಿ ಎರಡು ಬೆರಳು ತೋರಿಸಿದಳು. ನಾನು ಕಿವಿ ಹಚ್ಚಿದೆ. ಅವ್ವ ಬೆರಳು ತೋರಿಸುವ ಅಗತ್ಯವೇ ಇರಲಿಲ್ಲ. ಗಮೇಲಾ ತಾನಾಗಿಯೇ ಎರಡು ಸಲ ಬಡಿಯಿತು, ಟಣ್, ಸ್ವಲ್ಪ ಹೊತ್ತು ಬಿಟ್ಟು ಮತ್ತೆ ಟಣ್. ನೀರು ಆರಿತು. ನಾನು ತಲೆ ಎತ್ತಿ ಅಪ್ಪನ ಮುಖ ನೋಡಿದೆ.

ಅಪ್ಪ ಯಾರಿಂದಲೂ ಏನನ್ನೂ ಕೇಳಿದವನಲ್ಲ. ಕೆಲಸಗಾರರನ್ನು ನೋಡಿಕೊಳ್ಳುವ ಮುಕಾದಮ ಬೈದರೂ ತಲೆ ತಗ್ಗಿಸಿ ನಗುತ್ತಿದ್ದ. ಅಂಥವನು ಅವತ್ತು ಒಗೆದ ಅಂಗಿ ಹಾಕಿಕೊಂಡು, ಕೈಕಟ್ಟಿ, ಪರೀಕ್ಷೆಯ ಫಲಿತಾಂಶಕ್ಕೆ ಕಾಯುವ ಹಾಗೆ ನಿಂತಿದ್ದ. ಅವನಿಗೆ ಜನ್ಮದಲ್ಲಿ ಸಿಕ್ಕ ಒಂದೇ ಒಂದು ಉಡುಗೊರೆ ಅದು. ಅದನ್ನು ಪೊಳ್ಳು ಎಂದು ಹೇಳಲು ನನಗೆ ಬಾಯಿ ಬರಲಿಲ್ಲ.

"ಒಂದು," ಎಂದೆ.

ಅಪ್ಪ ನನ್ನನ್ನು ಎತ್ತಿ ಹೆಗಲ ಮೇಲೆ ಕೂರಿಸಿಕೊಂಡು ಶೆಡ್ಡುಗಳ ಸಾಲಿನ ಆ ತುದಿಯಿಂದ ಈ ತುದಿಯವರೆಗೆ ನಡೆದ. ಮೇಲಿಂದ ನಾನು ಅವ್ವನನ್ನು ನೋಡಿದೆ. ಆಕೆ ಗಮೇಲಾ ಎತ್ತಿಕೊಂಡು ಹೌದಿನ ಕಡೆ ಹೋಗುತ್ತಿದ್ದಳು, ತಿರುಗಿ ನೋಡಲಿಲ್ಲ.

ಮರುದಿನದಿಂದ ಅಪ್ಪ ಬೆಲ್ಟನ್ನು ಗೇಟಿನಲ್ಲಿ ಸಾಹೇಬರ ಎದುರಿಗೆ ಹಾಕಿಕೊಳ್ಳುವುದು, ಮೇಲೆ ಹೋಗಿ ಬಿಚ್ಚಿ ಕಂಬಿಗೆ ನೇತುಹಾಕುವುದು ಮಾಡತೊಡಗಿದ. ನನ್ನ ಶಾಲೆಯ ಕಿಟಕಿಯಿಂದ ಅದು ಕಾಣುತ್ತಿತ್ತು. ಹಳದಿ ಬೆಲ್ಟು ಒಂದು ಕಡೆ ತೂಗಾಡುತ್ತಿತ್ತು, ಅಪ್ಪ ಇನ್ನೊಂದು ಕಡೆ ಅಂಚಿನ ಮೇಲೆ ಬಗ್ಗಿ ನಿಂತಿರುತ್ತಿದ್ದ. ಮರಾಠಿ ಮಗ್ಗಿ ಹೇಳುತ್ತಿದ್ದಾಗ ನನ್ನ ಬಾಯಿ ಮಾತ್ರ ಮಗ್ಗಿ ಹೇಳುತ್ತಿತ್ತು, ಕಣ್ಣು ಅಲ್ಲೇ ಇರುತ್ತಿತ್ತು. ಕಟ್ಟಡ ಒಂಬತ್ತಾಯಿತು, ಹತ್ತಾಯಿತು.

ಅವ್ವ ನನಗೆ ಹೊಡೆಯಲಿಲ್ಲ. ಹೊಡೆದಿದ್ದರೆ ಚೆನ್ನಾಗಿತ್ತು. ರೊಟ್ಟಿ ಬಡಿಯುತ್ತಾ ಒಂದು ದಿನ ಕೇಳಿದಳು, "ಎಷ್ಟು ಬಡದಿತ್ತು ಖರೇ ಹೇಳು."

"ಎರಡು."

ಆಕೆ ಮತ್ತೆ ರೊಟ್ಟಿ ಬಡಿಯತೊಡಗಿದಳು. "ನಾನರ ಯಾಕ ಹೇಳ್ದೆ ಈ ಸುಳ್ಳು," ಎಂದಳು, ನನಗಲ್ಲ, ಒಲೆಗೆ.

ಹತ್ತನೆಯ ಮಾಳಿಗೆಯ ಕೆಲಸ ನಡೆದಿದ್ದಾಗ ಒಂದು ಮಧ್ಯಾಹ್ನ ಮೇಲಿಂದ ಏನೋ ಬಿತ್ತು. ಸದ್ದು ಕೇಳಿ ಇಡೀ ಸೈಟು ಓಡಿತು. ನಾನು ಕಿಟಕಿಯಿಂದಲೇ ಹಾರಿ ಓಡಿದೆ. ಅವ್ವ ತಲೆಯ ಮೇಲಿನ ಇಟ್ಟಿಗೆ ಅಲ್ಲೇ ಬೀಳಿಸಿ ಓಡಿ ಬಂದಳು, ಒಂದು ಇಟ್ಟಿಗೆ ಅವಳ ಪಾದದ ಮೇಲೇ ಬಿದ್ದು ಹೆಬ್ಬೆರಳ ಉಗುರು ಹೋಯಿತು, ಅದು ಆಕೆಗೆ ಗೊತ್ತಾದದ್ದು ಸಂಜೆಗೆ. ಬಿದ್ದದ್ದು ಒಂದು ಸೆಂಟ್ರಿಂಗ್ ತಗಡು. ಮೇಲಿಂದ ಅಪ್ಪ ಬಗ್ಗಿ, ಏನಿಲ್ಲ, ಏನಿಲ್ಲ ಎಂದು ಕೈ ಆಡಿಸುತ್ತಿದ್ದ. ಸೊಂಟದಲ್ಲಿ ಗುಂಡು ಹೊಳೆಯುತ್ತಿತ್ತು.

ಆ ಸಂಜೆ ನಾನು ಅಪ್ಪನಿಗೆ ಎಲ್ಲ ಹೇಳಿಬಿಟ್ಟೆ. ಎರಡು ಬಡಿದಿತ್ತು, ನಾನೇ ಒಂದು ಅಂದೆ. ಅಪ್ಪ ನಕ್ಕ. "ನಿಮ್ಮವ್ವ ಹೇಳ್ಕೊಟ್ಟಾಳ," ಎಂದ. ನಾನು ದೇವರ ಮೇಲೆ ಆಣೆ ಇಟ್ಟೆ, ಅಳುತ್ತಾ ಅವನ ಕಾಲು ಹಿಡಿದೆ. "ಆತಾತು, ಆದ್ರ ತೀರ್ಪು ತಿರುಗಂಗಿಲ್ಲ ಅಂತ ನಿಮ್ಮವ್ವನ ಕಾಯ್ದೆ ಅದಲ್ಲ," ಎಂದು ನನ್ನ ಮೂಗು ಒರೆಸಿದ. ಅವ್ವ ಕಾಲಿಗೆ ಅರಿಶಿನ ಹಚ್ಚಿಕೊಳ್ಳುತ್ತಾ ಕೂತಿದ್ದಳು. ತಲೆ ಎತ್ತಿ, "ಬೆಲ್ಟಿಂದು ಕೇಳಿಲ್ಲಲ್ಲ," ಎಂದಳು.

"ಯಾವ ಬೆಲ್ಟು?"

"ನೀವು ನೇತು ಹಾಕ್ತೀರಲ್ರಿ, ಅದು. ಅದರಾಗ ಶಕ್ತಿ ಅದನೋ ಇಲ್ಲೋ ಐದು ಮಂದಿಗೆ ಕೇಳೋಣು."

"ಅದು ಫ್ಯಾಕ್ಟರಿ ಮಾಲು. ಅದರಾಗೇನು ಶಕ್ತಿ ಬಂತು?"

"ಪೊಳ್ಳಿದ್ರ ಪೊಳ್ಳು ಅಂತಾರ. ನಿಮಗ್ಯಾಕ ಅಂಜಿಕಿ?"

ಅಪ್ಪ ಒಪ್ಪಿದ. ಪರೀಕ್ಷೆ ಆ ರವಿವಾರವೇ ಆಗಬೇಕಿತ್ತು, ಏಕೆಂದರೆ ಸೋಮವಾರದಿಂದ ಹನ್ನೊಂದನೆಯ ಮಾಳಿಗೆಯ ಹೊರ ಅಂಚಿನ ಕೆಲಸ.

ಆದರೆ ಅದು ಶ್ರಾವಣ. ರವಿವಾರ ಬೆಳಗಿನಿಂದ ಮೋಡ. ಮಧ್ಯಾಹ್ನವಾದರೂ ನೆರಳೇ ಇರಲಿಲ್ಲ. ಗಮೇಲಾದ ಕೆಳಗೆ ಬೆಲ್ಟು ಸರಿಯಾಗಿ ಹಿಡಿಯಲಿಲ್ಲ, ಒಂದು ಪಟ್ಟಿ ಹೊರಗೆ ಇಣುಕುತ್ತಿತ್ತು. ನಾನು ಮಂಡಿಯೂರಿ ಕಿವಿ ಹಚ್ಚಿದೆ. ಕಬ್ಬಿಣ ತಣ್ಣಗಿತ್ತು. ಏನೂ ಇಲ್ಲ. ನೀರು ಆರುವ ಹಾಗೂ ಇಲ್ಲ, ತುಂತುರು ಬಿದ್ದು ಇನ್ನಷ್ಟು ಒದ್ದೆಯಾಗುತ್ತಿತ್ತು. ಮೊಳೆಯವಳು, ದಾರದವಳು ಎಲ್ಲ ನಿಂತು ನೋಡುತ್ತಿದ್ದರು. ನಾನೇ ಒಂದು ಎಂದುಬಿಡಬಹುದಿತ್ತು. ಆದರೆ ಒಮ್ಮೆ ಸುಳ್ಳು ಹೇಳಿದೆನೆಂದು ನಾನೇ ಒಪ್ಪಿಕೊಂಡಿದ್ದೆ, ಇನ್ನು ನನ್ನ ಮಾತನ್ನು ಅಪ್ಪ ಹೇಗೆ ನಂಬಬೇಕು? ಬಡಿಯಲಿ, ಒಂದು ಸಲ ಬಡಿಯಲಿ ಎಂದು ನಾನು ಆ ಐದು ಮಂದಿಯನ್ನು ಬೇಡಿಕೊಂಡಷ್ಟು ಆಮೇಲೆ ಯಾವ ದೇವರನ್ನೂ ಬೇಡಿಕೊಂಡಿಲ್ಲ. ಅವರು ಅವ್ವನ ಸುಳ್ಳು ಎಂದು ಗೊತ್ತಿದ್ದೂ ಬೇಡಿಕೊಂಡೆ. ಕಣ್ಣೀರು ಗಮೇಲಾದ ಮೇಲೆ ಬೀಳುತ್ತಿತ್ತು.

"ಸರಿ. ನಾ ಕೇಳ್ತೀನಿ," ಎಂದ ಅಪ್ಪ.

ನನ್ನನ್ನು ಪಕ್ಕಕ್ಕೆ ಸರಿಸಿ, ಒದ್ದೆ ನೆಲದ ಮೇಲೆ ಮೊಣಕೈ ಊರಿ, ಆ ದೊಡ್ಡ ಮನುಷ್ಯ ಬಗ್ಗಿ ಕಿವಿ ಹಚ್ಚಿದ. ಬಹಳ ಹೊತ್ತು ಹಾಗೇ ಇದ್ದ. ಕಣ್ಣು ನನ್ನ ಮೇಲೇ ಇತ್ತು. ಆಮೇಲೆ ಎದ್ದು ಮೊಣಕೈಯ ರಾಡಿ ಒರೆಸಿಕೊಂಡ.

"ಒಂದು," ಎಂದ.

ಸೋಮವಾರ ನಾನು ಕಿಟಕಿಯಿಂದ ನೋಡಿದೆ. ಕಂಬಿಯ ಮೇಲೆ ಬೆಲ್ಟು ಇರಲಿಲ್ಲ, ಅಪ್ಪನ ಬೆನ್ನ ಮೇಲಿತ್ತು.

ಇಲ್ಲಿಗೆ ಕಥೆ ಮುಗಿದಿದ್ದರೆ ನಾನು ಇದನ್ನು ಬರೆಯುತ್ತಿರಲಿಲ್ಲ. ಎರಡೂ ಕಟ್ಟಡ ಮುಗಿದವು, ಅಪ್ಪ ನೆಟ್ಟಗೆ ಕೆಳಗಿಳಿದು ಬಂದ. ಮುಂದೆ ಬೇರೆ ಸೈಟು, ಅದರ ಮುಂದೆ ಇನ್ನೊಂದು. ನಾವು ವಾರ್ಜೆಯಲ್ಲಿ ಎರಡು ಕೋಣೆಯ ಬಾಡಿಗೆ ಮನೆ ಹಿಡಿದೆವು. ನಾನು ಶಿವಾಜಿನಗರಕ್ಕೆ ದಿನಾ ಬಸ್ಸಿನಲ್ಲಿ ಹೋಗಿ ಡಿಪ್ಲೊಮಾ ಮಾಡಿದೆ. ಅಷ್ಟೂ ವರ್ಷ ಅಪ್ಪ ಅದೇ ಹಳದಿ ಬೆಲ್ಟು ಹಾಕಿದ. ಪ್ರತಿ ಹೊಸ ಸೈಟಿನಲ್ಲೂ ಹೊಸ ಬೆಲ್ಟು ಕೊಡುತ್ತಿದ್ದರು, ಅದನ್ನು ಹೊಸದಾಗಿ ಬಂದವರಿಗೆ ಕೊಟ್ಟು, "ನಂದು ಪಾಸಾಗಿದ್ದು ಅದ," ಎನ್ನುತ್ತಿದ್ದ. ದಸರೆಗೆ ಸುತ್ತಿಗೆ, ಗರಗಸ, ತೂಕದ ಗುಂಡಿನ ಜೊತೆ ಬೆಲ್ಟನ್ನೂ ಇಟ್ಟು ಪೂಜೆ ಮಾಡುತ್ತಿದ್ದ. ಪಟ್ಟಿಗಳಿಗೆಲ್ಲ ಕೊಬ್ಬರಿ ಎಣ್ಣೆ ಸವರಿ, ಕುಂಕುಮ ಹಚ್ಚಿ, ಎಣ್ಣೆ ಇಳಿಯಲಿ ಎಂದು ಮೂರು ದಿನ ಬಿಸಿಲಿಗೆ ಹಾಕುತ್ತಿದ್ದ. ನಾನೇ ಎಷ್ಟೋ ಸಲ ಎಣ್ಣೆ ಸವರಿದ್ದೇನೆ. ಅವ್ವ ಅದನ್ನು ನೋಡಿ ಸಮಾಧಾನದಿಂದ ಒಳಗೆ ಹೋಗುತ್ತಿದ್ದಳು.

ಇಪ್ಪತ್ಮೂರನೆಯ ವಯಸ್ಸಿಗೆ ನನಗೆ ಭೋಸರಿಯ ಒಂದು ಲ್ಯಾಬಿನಲ್ಲಿ ಕೆಲಸ ಸಿಕ್ಕಿತು. ಹೆಲ್ಮೆಟ್ಟು, ಬೂಟು, ಸೇಫ್ಟಿ ಬೆಲ್ಟುಗಳನ್ನು ಪರೀಕ್ಷೆ ಮಾಡಿ ಯೋಗ್ಯ, ಅಯೋಗ್ಯ ಎಂದು ಬರೆಯುವ ಲ್ಯಾಬು. ಸಂದರ್ಶನದಲ್ಲಿ ಈ ಕೆಲಸವೇ ಯಾಕೆ ಬೇಕು ಎಂದು ಕೇಳಿದಾಗ ನಾನು ಏನೋ ಪುಸ್ತಕದ ಉತ್ತರ ಕೊಟ್ಟೆ. ಸೇರಿದ ಎರಡನೆಯ ವಾರ ನಮ್ಮ ಹಿರಿಯ ಮೇಡಂ ಕಲಿಸುತ್ತಿದ್ದರು. ಬೆಲ್ಟಿಗೂ ಆಯುಷ್ಯ ಇರುತ್ತದೆ, ಕೆಲವು ವರ್ಷಗಳಾದ ಮೇಲೆ ನೋಡಲು ಚೆನ್ನಾಗಿದ್ದರೂ ಬಿಸಾಡಬೇಕು, ಬಿಸಿಲು ಅದರ ನೂಲನ್ನು ಒಳಗಿಂದ ತಿನ್ನುತ್ತದೆ, ಎಣ್ಣೆ ಗಿಣ್ಣೆ ತಾಗಿಸಲೇಬಾರದು ಎಂದರು. ನಾನು ಬರೆದುಕೊಳ್ಳುತ್ತಿದ್ದ ಪೆನ್ನು ನಿಂತಿತು. ಮೇಡಂ ನನ್ನ ಕಡೆ ತಿರುಗಿ, ಮೈ ಆರಾಮಿದೆ ತಾನೇ ಎಂದು ಮರಾಠಿಯಲ್ಲಿ ಕೇಳಿದರು. ಆರಾಮಿದ್ದೇನೆ ಎಂದೆ, ಆರಾಮಿರಲಿಲ್ಲ.

ಆ ಶನಿವಾರ ಅಪ್ಪನಿಗೆ, "ನಿನ್ನ ಬೆಲ್ಟು ಕೊಡು, ನಮ್ಮ ಲ್ಯಾಬಿನ್ಯಾಗ ತೋರಿಸ್ತೀನಿ," ಎಂದೆ. ಅವನಿಗೆ ಹೆಮ್ಮೆಯೇ ಆಯಿತು. ಟವೆಲ್ಲಿನಲ್ಲಿ ಸುತ್ತಿ ಕೊಟ್ಟ. "ಇದರ ಮುಂದ ಎಲ್ಲಾ ಹೊಸಾವು ನಾಚಬೇಕು ನೋಡು," ಎಂದ. ಪರೀಕ್ಷೆ ಮುಗಿಯುವತನಕ ಹಾಕಿಕೊಳ್ಳಲು ಸೈಟಿನದನ್ನು ತೆಗೆದುಕೋ ಎಂದು ನಾನು ಆಣೆ ಮಾಡಿಸಿಕೊಂಡೆ.

ನಮ್ಮಲ್ಲಿ ಮರಳು ತುಂಬಿದ ಒಂದು ಬೊಂಬೆ ಇದೆ. ಒಬ್ಬ ಗಂಡಸಿನಷ್ಟು ತೂಕ, ತಲೆ ಇಲ್ಲ, ಕೈಯಿಲ್ಲ, ಬರೀ ಮುಂಡ ಮತ್ತು ತೊಡೆ. ಅದಕ್ಕೆ ಬೆಲ್ಟು ತೊಡಿಸಿ, ಮೇಲೆತ್ತಿ, ಕೊಕ್ಕೆ ಸಿಕ್ಕಿಸಿ ಬಿಡುತ್ತಾರೆ. ಬೆಲ್ಟು ಸರಿಯಿದ್ದರೆ ಬೊಂಬೆ ಜಗ್ಗಿ ನಿಂತು ತೂಗಾಡುತ್ತದೆ. ಅಪ್ಪನ ಬೆಲ್ಟನ್ನು ನಾನೇ ತೊಡಿಸಿದೆ. ಬಕಲ್ಲಿನ ಸಂದಿಯಲ್ಲಿ ಇನ್ನೂ ಕುಂಕುಮ ಇತ್ತು. ಮೇಡಂ ಬಟನ್ ಒತ್ತಿದರು. ಬೊಂಬೆ ನಿಲ್ಲಲೇ ಇಲ್ಲ. ಹಗ್ಗದ ತುದಿಯಲ್ಲಿ ಪಟ್ಟಿಯ ಚೂರೊಂದು ಉಳಿಯಿತು, ಬೊಂಬೆ ನೆಟ್ಟಗೆ ಹೋಗಿ ಕೆಳಗಿನ ಮರಳಿನಲ್ಲಿ ಹೂತಿತು.

ನಾನು ಹೊರಗೆ ಹೋಗಿ ನಲ್ಲಿಯ ಕೆಳಗೆ ತಲೆ ಹಿಡಿದೆ. ಹದಿನಾಲ್ಕು ವರ್ಷ. ತೂಕದ ಗುಂಡಿಗೆ ನಾನು ಒಂದು ಎಂದದ್ದಕ್ಕೆ ಅಪ್ಪ ಬೆಲ್ಟು ಬಿಟ್ಟಿದ್ದ, ಬೆಲ್ಟಿಗೆ ಒಂದು ಬಂತೆಂದು ಹೊಸ ಬೆಲ್ಟು ಬಿಟ್ಟಿದ್ದ. ಎರಡು ಸಲವೂ ಅವನನ್ನು ಮೇಲಿಂದ ಬೀಳಿಸಲು ಸಾಕಾಗುವಷ್ಟನ್ನು ನಾವು ಮನೆಯವರೇ ಮಾಡಿಟ್ಟಿದ್ದೆವು, ಅದೂ ಪ್ರೀತಿಯಿಂದ. ಅವನು ಬೀಳದಿದ್ದದ್ದು ಬರೀ ಕಾಲು ಜಾರದ್ದಕ್ಕೆ. ನನಗೆ ನನ್ನ ಮೇಲೆ ಬಂದ ಸಿಟ್ಟು ಇವತ್ತಿಗೂ ಪೂರ್ತಿ ಇಳಿದಿಲ್ಲ.

ರವಿವಾರ ಮಧ್ಯಾಹ್ನ ಊಟಕ್ಕೆ ಕೂರುವ ಮೊದಲು ಆ ತುಂಡುಗಳನ್ನು ಅಪ್ಪನ ಎದುರಿಗೆ ಇಟ್ಟೆ. ಪಕ್ಕದಲ್ಲಿ ನಾನೇ ಪರೀಕ್ಷಿಸಿ ತಂದ ಹೊಸ ಬೆಲ್ಟು ಇಟ್ಟೆ. ಅವ್ವ ಒಲೆಯ ಹತ್ತಿರದಿಂದ ಎದ್ದು ಬಂದು ಬಾಗಿಲಲ್ಲಿ ನಿಂತಳು.

"ಏನಂದ್ರು ನಿಮ್ಮ ಮಂದಿ?" ಎಂದ ಅಪ್ಪ. ತುಂಡುಗಳನ್ನು ನೋಡಿಯೂ ಕೇಳಿದ.

"ಎರಡು," ಎಂದೆ.

ಅಪ್ಪನ ವಸ್ತುವಿನ ಬಗ್ಗೆ ನನ್ನ ಬಾಯಿಂದ ನಿಜವಾದ ತೀರ್ಪು ಹೊತ್ತಿಗೆ ಸರಿಯಾಗಿ ಬಂದದ್ದು ಅದೇ ಮೊದಲು. ಅವನು ಹರಿದ ಪಟ್ಟಿಯನ್ನು ಬೆರಳಲ್ಲಿ ತಿಕ್ಕಿದ. ನೂಲು ಪುಡಿಪುಡಿಯಾಗಿ ಚಾಪೆಯ ಮೇಲೆ ಉದುರಿತು. ನಾನು ಬೊಂಬೆಯ ವಿಷಯ ಹೇಳಿದೆ, ಬಿಸಿಲು, ಎಣ್ಣೆ, ಎಲ್ಲ ಹೇಳಿದೆ.

"ಅವತ್ತು ನಂಗೇನೂ ಕೇಳಿಸಿರಲಿಲ್ಲ, ತಂಗಿ," ಎಂದ ಅಪ್ಪ. "ಆ ಮಳ್ಯಾಗ ಏನು ಕೇಳಿಸ್ತದ. ನೀ ಅಳಾಕತ್ತಿದ್ದಿ. ನಿನ್ನ ಮಾರಿ ನೋಡಿ ಒಂದು ಅಂದೆ."

"ನಾನೂ ಗುಂಡಿಗೆ ನಿನ್ನ ಮಾರಿ ನೋಡೇ ಒಂದು ಅಂದಿದ್ದೆ."

"ಹೌದು. ಹೇಳಿದ್ದಿ ಆವಾಗ." ಅವನು ಹೊಸ ಬೆಲ್ಟು ಎತ್ತಿಕೊಂಡು, ಬನಿಯನ್ನಿನ ಮೇಲೆಯೇ ಒಂದೊಂದು ಬಕಲ್ಲು ಹಾಕಿಕೊಂಡ. "ಎಳಿ," ಎಂದ. ನಾನು ಬೆನ್ನ ಹಿಂದಿನ ಹಗ್ಗ ಹಿಡಿದು ಎಳೆದೆ. "ಇನ್ನಾ ಜೋರಲೆ ಎಳಿ." ಕಾಲು ಗೋಡೆಗೆ ಊರಿ ಎಳೆದೆ. ಅವ್ವನೂ ಬಂದು ಹಗ್ಗಕ್ಕೆ ಕೈ ಹಾಕಿದಳು. ಅಳು, ನಗು ಎರಡೂ ಒಟ್ಟಿಗೆ ಬಂದು ನಮ್ಮಿಬ್ಬರ ಕೈಯಲ್ಲೂ ಶಕ್ತಿ ಉಳಿಯಲಿಲ್ಲ. ಅವತ್ತು ರೊಟ್ಟಿಯೊಂದು ಹೆಂಚಿನ ಮೇಲೆ ಸೀದು ಹೋಯಿತು.

ಮುಂದಿನ ರವಿವಾರ ಅಪ್ಪ ಬೆಳಗ್ಗೆ ಎದ್ದು ಎಲ್ಲಿಗೋ ಹೋದ. ಆಗ ಅವನೇ ಮುಕಾದಮ, ಅವನ ಕೈಕೆಳಗೆ ಹನ್ನೊಂದು ಜನ. ಮಧ್ಯಾಹ್ನ ನೆರಳು ಕಾಲಡಿ ಬಂದ ಹೊತ್ತಿಗೆ ಮರಳಿ ಬಂದ. ಹೆಗಲ ಮೇಲೆ ಹಳೆಯ ಸಿಮೆಂಟು ಚೀಲ, ತುಂಬಿಕೊಂಡು ಉಬ್ಬಿತ್ತು. ನನ್ನ ಎದುರಿಗೆ ಸುರಿದ. ಹನ್ನೊಂದು ಬೆಲ್ಟುಗಳು. ಕೆಲವು ಹೊಸವು, ಕೆಲವು ಮಾಸಿದವು, ಎರಡಕ್ಕೆ ಕುಂಕುಮ ಹಚ್ಚಿತ್ತು, ಒಂದಕ್ಕೆ ಯಾರದೋ ಕರಿ ದಾರ ಕಟ್ಟಿತ್ತು. ಮುಕಾದಮನನ್ನು ನೋಡಿ ಕಲಿತದ್ದು, ಬೇರೆ ಯಾರನ್ನು ಬೈಯುವುದು.

ನಾನು ಬಾಗಿಲಿನ ಬೆಳಕಿಗೆ ಕೂತು ಮೊದಲನೆಯದನ್ನು ತೊಡೆಯ ಮೇಲೆ ಹರಡಿಕೊಂಡೆ. ಹೊಲಿಗೆ ನೋಡುತ್ತಾ, ಇದು ಯಾರದು ಎಂದು ಕೇಳಿದೆ.

"ಅದು ನಿಂಗ ಬ್ಯಾಡ," ಎಂದ ಅಪ್ಪ. "ಯಾರ ಮಾರಿನೂ ನೋಡಬ್ಯಾಡ, ತಂಗಿ. ಬೆಲ್ಟು ಅಷ್ಟ ನೋಡು."